ಸಾಕ್ಷಿ ಸಮನ್ಸ್ ಬಗ್ಗೆ ವಕೀಲರನ್ನು ಕೇಳಿ

ಮಳೆಹನಿ: ಸರ್, ಅಮ್ಮ ಬರೆದ ವಿಲ್ ಸುಳ್ಳು ಅಂತ ಅಣ್ಣ ದಾವೆ ಹಾಕಿದ್ದಾನೆ. ವಿಲ್‌ಗೆ ಸಾಕ್ಷಿ ಹಾಕಿದ ಇಬ್ಬರಲ್ಲಿ ಒಬ್ಬರು ತೀರಿಕೊಂಡಿದ್ದಾರೆ. ಇನ್ನೊಬ್ಬರಿಗೆ 84 ವರ್ಷ. ಹಾಸಿಗೆ ಹಿಡಿದಿದ್ದಾರೆ, ಆದರೆ ಮಾತು, ನೆನಪು ಚೆನ್ನಾಗಿದೆ. ರಿಜಿಸ್ಟರ್ ಆಗಿರೋ ವಿಲ್ ಅಲ್ವಾ, ಅವರಿಗೆ ಯಾಕೆ ತೊಂದರೆ ಅಂತಾರೆ ಮನೆಯವರು.

ನಾಲ್ಕನೇ ಪ್ರತಿವಾದಿ: ಸಾಕ್ಷಿಯ ಬತ್ತಾ, ಅಂದರೆ ಬಂದುಹೋಗುವ ಖರ್ಚು, ಯಾರು ಕಟ್ಟಬೇಕು?

ವಕೀಲರು: ಕರೆಸುವವರು. ಸಮನ್ಸ್ ಹೊರಡುವ ಮೊದಲೇ, ಕೋರ್ಟಿನಲ್ಲಿ.

ವಕೀಲರು: ಮಳೆಹನಿಯವರೇ, ನಿಮ್ಮದು ಓದಿ ಗಾಬರಿಯಾಯಿತು. ರಿಜಿಸ್ಟರ್ ಆದ ಮಾತ್ರಕ್ಕೆ ವಿಲ್ ಸಾಬೀತಾಗುವುದಿಲ್ಲ. ಸಾಕ್ಷಿ ಹಾಕಿದವರು ಬದುಕಿದ್ದು, ಹೇಳುವ ಸ್ಥಿತಿಯಲ್ಲಿದ್ದರೆ ಒಬ್ಬರನ್ನಾದರೂ ವಿಚಾರಣೆ ಮಾಡಿಸಲೇಬೇಕು. ಹಳೇ ಸಾಕ್ಷ್ಯ ಕಾಯ್ದೆಯ 68ನೇ ಕಲಂ ಇದು, 2024ರ ಜುಲೈ 1ರಿಂದ ಜಾರಿಗೆ ಬಂದ ಹೊಸ ಕಾಯ್ದೆಯಲ್ಲಿ 67. ಅವರನ್ನು ಕೋರ್ಟಿಗೆ ಹೊತ್ತು ತರಬೇಕಿಲ್ಲ. ಡಾಕ್ಟರ್ ಸರ್ಟಿಫಿಕೇಟ್ ಇಟ್ಟು, ಸಿಪಿಸಿಯ (ಸಿವಿಲ್ ಪ್ರಕ್ರಿಯಾ ಸಂಹಿತೆಯ) 26ನೇ ಆದೇಶದ ಪ್ರಕಾರ ಕಮಿಷನರ್, ಅಂದರೆ ಕೋರ್ಟಿನ ಪರವಾಗಿ ಹೇಳಿಕೆ ಪಡೆಯುವವರ, ನೇಮಕಕ್ಕೆ ಅರ್ಜಿ ಹಾಕಿಸಿ. ಕಮಿಷನರ್ ಮಂಚದ ಪಕ್ಕ ಕುರ್ಚಿ ಎಳೆದುಕೊಂಡು ಕೂತು ಹೇಳಿಕೆ ಬರೆದುಕೊಳ್ಳುತ್ತಾರೆ. ಅಣ್ಣನ ವಕೀಲರು ಅಲ್ಲೇ ಪಾಟೀಸವಾಲು ಮಾಡುತ್ತಾರೆ. ಅಮ್ಮ ಸಹಿ ಹಾಕಿದ್ದು ನೋಡಿದೆ, ನಾನೂ ಅಮ್ಮನ ಎದುರೇ ಹಾಕಿದೆ, ಇನ್ನೊಬ್ಬ ಸಾಕ್ಷಿಯೂ ಹಾಗೇ: ಇಷ್ಟು ಅವರ ಬಾಯಿಂದ ಬರಬೇಕು. ಬಾಯಿಪಾಠ ಮಾತ್ರ ಮಾಡಿಸಬೇಡಿ. ನನ್ನದೇ ಒಂದು ಕೇಸಲ್ಲಿ ಮುಂದಿನ ಡೇಟಿಗೆ ನೋಡೋಣ ಅಂದುಕೊಂಡೆವು, ಅಷ್ಟರಲ್ಲಿ ಸಾಕ್ಷಿ ತೀರಿಹೋದರು. ಆಮೇಲೆ ಅವರ ಕೈಬರಹ ಗುರುತು ಹಿಡಿಯುವವರನ್ನು ಹುಡುಕಿ ಅಲೆದದ್ದೇ ಅಲೆದದ್ದು. ಈ ವಾರವೇ ಹೋಗಿ.

ಬೆಳಗು: ಇನ್ನೊಂದು ಗ್ರೂಪಲ್ಲಿ ಬಂದಿದ್ದು: "ಸಿವಿಲ್ ಸಮನ್ಸ್ ಮೂರು ಸಲ ವಾಪಸ್ ಕಳಿಸಿದರೆ ಸಾಕ್ಷಿಯನ್ನು ಬಿಟ್ಟುಬಿಡ್ತಾರೆ." ಎಲ್ಲರಿಗೂ ತಲುಪಿಸಿ.

ವಕೀಲರು: ತಲುಪಿಸಬೇಡಿ. ಪೂರ್ತಿ ಸುಳ್ಳು. ಬೇಡ ಅಂತ ವಾಪಸ್ ಕಳಿಸಿದರೂ ಜಾರಿಯಾಗಿದೆ, ಅಂದರೆ ಕೈಗೆ ತಲುಪಿದೆ, ಅಂತಲೇ ಕೋರ್ಟ್ ಹೇಳಬಹುದು. ಆಮೇಲೆ ವಾರಂಟ್ ಬರಬಹುದು, ಆಸ್ತಿ ಜಪ್ತಿ ಆಗಬಹುದು, 5,000 ರೂಪಾಯಿವರೆಗೆ ದಂಡ ಬೀಳಬಹುದು.

ಹಳೇ ಗುಮಾಸ್ತ: ದಂಡ 500 ಅಲ್ವಾ?

ಬೆಳಗು: ವಕೀಲರಿಗಿಂತ ನಿಮಗೆ ಜಾಸ್ತಿ ಗೊತ್ತಾ?

ಹಳೇ ಗುಮಾಸ್ತ: ಸುಳ್ಳು ಮೆಸೇಜ್ ಹಾಕಿದವರು ನೀವು. ಕೂಲಿ ಬಿಟ್ಟು ಬಂದ ಸಾಕ್ಷಿಗಳು ಸಂಜೆವರೆಗೂ ಕಾದು, ಕೇಸು ಮುಂದಕ್ಕೆ ಹೋಯ್ತು ಅಂತ ಹಿಂತಿರುಗೋದು ನೋಡಿದ್ದೇನೆ.

ಬೆಳಗು: ಅದಕ್ಕೇ ಜನ ತಪ್ಪಿಸಿಕೊಳ್ಳೋದು!

ಹಳೇ ಗುಮಾಸ್ತ: ನಿಮ್ಮ ಕೇಸಲ್ಲಿ ಸಾಕ್ಷಿ ಬರದಿದ್ದರೆ ಆಗ ಗೊತ್ತಾಗುತ್ತೆ.

ವಕೀಲರು: ಜಗಳ ಸಾಕು. ಸಿಪಿಸಿಯ 32ನೇ ಕಲಂನಲ್ಲಿ 5,000, ಅದರದ್ದೇ 16ನೇ ಆದೇಶದ 12ನೇ ನಿಯಮದಲ್ಲಿ 500. ಎರಡೂ ಇವೆ.

ಹೊಸಬ: ಬ್ಯಾಂಕ್ ಮ್ಯಾನೇಜರನ್ನು ಲೆಡ್ಜರ್ ಸಮೇತ ಕರೆಸಬಹುದಾ?

ದಾರಿಹೋಕ: ಬತ್ತಾ ಯಾರು ಕಟ್ಟೋದು ಸರ್?

ವಕೀಲರು: ಮೇಲೆ ಓದಿ.

ಮಳೆಹನಿ: ಸರ್, ಈಗ ನೋಡಿದೆ. ನಾವು ಕೊಟ್ಟ ಸಾಕ್ಷಿ ಪಟ್ಟಿಯಲ್ಲಿ ಅವರ ಹೆಸರೇ ಇಲ್ಲ.

ವಕೀಲರು: ವಿವಾದಾಂಶ, ಅಂದರೆ ಕೋರ್ಟ್ ತೀರ್ಮಾನಿಸಬೇಕಾದ ಪ್ರಶ್ನೆಗಳು, ರಚನೆಯಾದ 15 ದಿನದೊಳಗೆ ಪಟ್ಟಿ ಕೊಡಬೇಕಿತ್ತು. ಆದರೂ ಸರಿಯಾದ ಕಾರಣ ತೋರಿಸಿದರೆ ಕೋರ್ಟ್ ಹೆಸರು ಸೇರಿಸಲು ಒಪ್ಪಬಹುದು. ಕಮಿಷನರ್ ಅರ್ಜಿ ಜೊತೆಗೇ ಅದನ್ನೂ ಹಾಕಿಸಿ. ಇವತ್ತೇ ನಿಮ್ಮ ವಕೀಲರಿಗೆ ಫೋನ್ ಮಾಡಿ.