ಪಾರ್ಕ್ ಚಾನ್-ವುಕ್ ಜೊತೆ ಬರೆಯೋ ಜಂಗ್ ಸೊ-ಕ್ಯಂಗ್ ಬಗ್ಗೆ ಗೊತ್ತಿರೋರು ಹೇಳಿ

ಮಳೆಹನಿ:
ನಿನ್ನೆ ರಾತ್ರಿ 'ಡಿಸಿಷನ್ ಟು ಲೀವ್' ಅನ್ನೋ ಕೊರಿಯನ್ ಸಿನಿಮಾ ನೋಡಿದೆ, ಇನ್ನೂ ತಲೆಯಿಂದ ಹೋಗಿಲ್ಲ. ಎಲ್ಲಿ ಓದಿದರೂ ನಿರ್ದೇಶಕ ಪಾರ್ಕ್ ಚಾನ್-ವುಕ್ ಹೆಸರೇ. ಆದರೆ ಚಿತ್ರಕಥೆಯಲ್ಲಿ ಜಂಗ್ ಸೊ-ಕ್ಯಂಗ್ ಅನ್ನೋರ ಹೆಸರೂ ಇದೆ. ಇದರಲ್ಲಿ ಇವರ ಪಾಲು ಎಷ್ಟು? ಇವರು ಬರೆದಿರೋದರಲ್ಲಿ ಮುಂದೆ ಯಾವುದು ನೋಡಲಿ?

ಕೊನೇಬೆಂಚು:
ಪಾಲು ಲೆಕ್ಕ ಹಾಕೋಕೆ ಆಗಲ್ಲ, ಅವರು ಬರೆಯೋ ರೀತಿಯೇ ಹಾಗೆ. ಒಂದೇ ಕಂಪ್ಯೂಟರ್, ಅದಕ್ಕೆ ಎರಡು ಮಾನಿಟರ್, ಎರಡು ಕೀಬೋರ್ಡ್. ಇಬ್ಬರೂ ಒಟ್ಟಿಗೆ ಕೂತು ಒಂದೇ ಸ್ಕ್ರಿಪ್ಟ್ ಬರೆಯುತ್ತಾರೆ, ಒಬ್ಬರು ಟೈಪ್ ಮಾಡಿದ್ದನ್ನು ಇನ್ನೊಬ್ಬರು ಅಲ್ಲೇ ತಿದ್ದುತ್ತಾರೆ. ಕೊನೆಗೆ ಯಾವ ಮಾತು ಯಾರದು ಅಂತ ಹೇಗೆ ಹೇಳೋದು? 2005ರ 'ಲೇಡಿ ವೆಂಜನ್ಸ್'ನಿಂದ ಈ ಜೋಡಿ ಶುರು. 'ಥರ್ಸ್ಟ್' (2009), 'ದಿ ಹ್ಯಾಂಡ್‌ಮೇಡನ್' (2016) ಎರಡೂ ಇವರಿಬ್ಬರದೇ. ಪಾರ್ಕ್ ಅವರ 2003ರ 'ಓಲ್ಡ್‌ಬಾಯ್'ನಲ್ಲಿ ಜಂಗ್ ಇಲ್ಲ. ಅದನ್ನೂ 'ಲೇಡಿ ವೆಂಜನ್ಸ್' ಅನ್ನೂ ಒಂದರ ಹಿಂದೆ ಒಂದು ನೋಡಿ. ಎರಡೂ ಸೇಡಿನ ಕಥೆಯೇ, ಆದರೆ ಎರಡನೆಯದರಲ್ಲಿ ಹೆಣ್ಣೇ ಕಥೆಯನ್ನು ಹಿಡಿದು ನಡೆಸುತ್ತಾಳೆ.

ಹಳೇರೇಡಿಯೋ:
ನೀವು ನೋಡಿದ ಸಿನಿಮಾದಲ್ಲೇ ಅವರ ಕೈ ಕಾಣುತ್ತೆ. ನಾಯಕಿ ಚೀನಾದವಳಾಗಿರಲಿ, ಆಗ ಚೀನಾದ ನಟಿ ಟ್ಯಾಂಗ್ ವೇ ಅವರನ್ನು ಹಾಕಿಕೊಳ್ಳಬಹುದು ಅಂತ ಹೇಳಿದ್ದು ಜಂಗ್. ಆ ಒಂದು ಸಲಹೆಯಿಂದ ಎಷ್ಟೆಲ್ಲ ಹುಟ್ಟಿತು ನೋಡಿ! ಅವಳು ಮನಸ್ಸಿನಲ್ಲಿರೋದನ್ನು ಚೈನೀಸ್‌ನಲ್ಲಿ ಫೋನಿಗೆ ಹೇಳುತ್ತಾಳೆ, ಆ ಫೋನು ಅದನ್ನು ಕೊರಿಯನ್‌ನಲ್ಲಿ ಹೇಳೋವರೆಗೂ ಪತ್ತೇದಾರ ಅವಳ ಮುಖ ನೋಡುತ್ತಾ ಕಾಯಬೇಕು. ನಾವೂ ಕಾಯಬೇಕು. ಕಾನ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ನಿರ್ದೇಶಕರಿಗೆ ಬಂತು, ಸಂತೋಷವೇ. ಆದರೆ ಇಂಥ ಬರವಣಿಗೆಗೂ ಅಷ್ಟೇ ಹೆಸರು ಬರಬೇಕಿತ್ತು ಅಂತ ನನಗೆ ನಿಜಕ್ಕೂ ಬೇಜಾರಿದೆ.

ಸಂಜೆಬಸ್ಸು:
ಹೆಸರಿನ ಮಾತು ಬಂತಲ್ವಾ, ಅದಕ್ಕೆ ಅವರ ಟಿವಿ ಕೆಲಸ ನೋಡಬೇಕು. ಕೊರಿಯಾದ ಟಿವಿ ಡ್ರಾಮಾಗಳಲ್ಲಿ ಬರೆದವರಿಗೆ ತುಂಬಾ ಬೆಲೆ ಇದೆ, ಬರೆದವರು ಯಾರು ಅಂತ ನೋಡಿಕೊಂಡೇ ಸೀರಿಯಲ್ ಶುರು ಮಾಡೋರು ಬೇಕಾದಷ್ಟು ಜನ. ಜಂಗ್ 2018ರಲ್ಲಿ 'ಮದರ್' ಬರೆದರು. ಮೂಲ ಜಪಾನಿನದು. ಮನೆಯಲ್ಲಿ ಹಿಂಸೆ ಅನುಭವಿಸುತ್ತಿರೋ ಮಗುವನ್ನು ಟೀಚರ್ ಒಬ್ಬಳು ಕರೆದುಕೊಂಡು ಓಡಿಹೋಗುವ ಕಥೆ, ಗಟ್ಟಿ ಮನಸ್ಸು ಮಾಡಿಕೊಂಡು ಕೂತ್ಕೊಳ್ಳಿ. 2022ರಲ್ಲಿ 'ಲಿಟಲ್ ವುಮೆನ್' ಬಂತು, 12 ಕಂತು. ಬಡ ಅಕ್ಕತಂಗಿಯರು ಮೂವರು, ಎದುರಿಗೆ ಒಂದು ದೊಡ್ಡ ಶ್ರೀಮಂತ ಮನೆತನ. ಮೊದಲ ಕಂತಿನಲ್ಲೇ ದುಡ್ಡು ತುಂಬಿದ ಚೀಲ ಬರುತ್ತೆ, ಆಮೇಲೆ ಎದ್ದು ಹೋಗೋಕೆ ಆಗಲ್ಲ. ನೀವು ಇದರಿಂದಲೇ ಶುರು ಮಾಡಿ.

ಮಳೆಹನಿ:
ತುಂಬಾ ಥ್ಯಾಂಕ್ಸ್ ಎಲ್ಲರಿಗೂ. ಈ ಶನಿವಾರ 'ಲಿಟಲ್ ವುಮೆನ್' ಶುರು ಮಾಡ್ತೀನಿ, 'ಹ್ಯಾಂಡ್‌ಮೇಡನ್' ಆಮೇಲೆ.

ಕೊನೇಬೆಂಚು:
'ಹ್ಯಾಂಡ್‌ಮೇಡನ್' ನೋಡುವಾಗ ಅರ್ಧಕ್ಕೆ ನಿಲ್ಲಿಸಬೇಡಿ. ಮೂರು ಭಾಗ ಇದೆ. ಮೊದಲ ಭಾಗದಲ್ಲಿ ಕೆಲಸದವಳ ಕಣ್ಣಲ್ಲಿ ನೋಡಿದ್ದನ್ನೇ ಎರಡನೆಯದರಲ್ಲಿ ಒಡತಿಯ ಕಣ್ಣಲ್ಲಿ ನೋಡುತ್ತೀರ, ಆಗಲೇ ಯಾರು ಯಾರಿಗೆ ಮೋಸ ಮಾಡುತ್ತಿದ್ದರು ಅಂತ ಗೊತ್ತಾಗೋದು.