ಮೆಂಫಿಸ್ ಬೆಲ್ ಡಾಕ್ಯುಮೆಂಟರಿಲಿ ಬರೋ ಮಾತು ವಿಮಾನದೊಳಗೇ ರೆಕಾರ್ಡ್ ಮಾಡಿದ್ದಾ?

ಹಳೆರೀಲು:
ನಿನ್ನೆ ರಾತ್ರಿ 1944ರ ಮೆಂಫಿಸ್ ಬೆಲ್ ನೋಡ್ದೆ, ಎರಡನೇ ಮಹಾಯುದ್ಧದಲ್ಲಿ ಹಾರಿದ ಅದೇ ಹೆಸರಿನ ಬಾಂಬರ್ ವಿಮಾನದ ಬಗ್ಗೆ ನಿರ್ದೇಶಕ ವಿಲಿಯಂ ವೈಲರ್ ಮಾಡಿದ್ದು. ಮುಕ್ಕಾಲು ಗಂಟೆನೂ ಇಲ್ಲ, ಆದ್ರೆ ಮುಗಿದ್ಮೇಲೆ ನಿದ್ದೆನೇ ಹತ್ತಲಿಲ್ಲ. ಇಂಗ್ಲೆಂಡಿನ ಹೊಲಗಳ ಪಕ್ಕದಿಂದ ಅಮೆರಿಕದ ಹುಡುಗ್ರು ಬಿ-17 ಬಾಂಬರ್‌ಗಳಲ್ಲಿ ಜರ್ಮನಿಗೆ ಹೊರಡ್ತಾರೆ, ಒಂದೊಂದ್ರಲ್ಲಿ ಹತ್ತು ಜನ. ಜೊತೆಗಿದ್ದ ವಿಮಾನ ಗಿರಕಿ ಹೊಡೀತಾ ಬೀಳೋವಾಗ ಎಷ್ಟು ಪ್ಯಾರಾಶೂಟ್ ಬಿಚ್ಕೊಂಡ್ವು ಅಂತ ಇವ್ರು ಎಣಿಸ್ತಾರಲ್ಲ, ಆ ಇಂಟರ್‌ಕಾಮ್ ಮಾತು ನಿಜವಾಗ್ಲೂ ಆ ಗಳಿಗೆಲಿ ಆಡಿದ್ದಾ? ಯಾರಿಗಾದ್ರೂ ಗೊತ್ತಾ?

ರೀಲುಗಾಡಿ:
ಇಲ್ಲ ಸರ್. ದೃಶ್ಯ ಅಸಲಿ, 16 ಎಂಎಂ ಕಲರ್ ಫಿಲ್ಮು, ಆದ್ರೆ ಆ ಕ್ಯಾಮೆರಾಗಳಲ್ಲಿ ಸೌಂಡೇ ಇರ್ಲಿಲ್ಲ. ಮೆಂಫಿಸ್ ಬೆಲ್‌ನ ಕ್ರೂ 1943ರ ಮೇ ತಿಂಗಳಲ್ಲಿ 25 ಮಿಷನ್ (ಬಾಂಬ್ ದಾಳಿ ಹಾರಾಟ) ಮುಗಿಸಿ ಊರಿಗೆ ವಾಪಸ್ ಹೋದ್ಮೇಲೆ ಅವರನ್ನ ಹಾಲಿವುಡ್‌ಗೆ ಕರೆಸಿ ಮಾತಾಡ್ಸಿದ್ದು. ಇನ್ನೊಂದ್ ವಿಷ್ಯ, ಜರ್ಮನಿಯ ವಿಲ್ಹೆಲ್ಮ್ಸ್‌ಹಾಫೆನ್ ಬಂದರಿನ ಮೇಲಿನ ಒಂದೇ ದಾಳಿ ಅನ್ನೋ ಹಾಗೆ ತೋರ್ಸ್ತಾರೆ, ಅದು ಬೇರೆಬೇರೆ ದಿನ ಬೇರೆಬೇರೆ ವಿಮಾನದಿಂದ ತೆಗೆದಿದ್ದನ್ನ ಜೋಡ್ಸಿರೋದು. ಹಾಗಂತ ನಾನಿದನ್ನ ಸುಳ್ಳು ಅನ್ನಲ್ಲ, ಆ ಸಾವು ಕಣ್ಣಾರೆ ಕಂಡವರದ್ದೇ ದನಿ ಅದು, ನಟರದ್ದಲ್ಲ.

ಬಾನಾಡಿ:
ಸೌಂಡ್ ಅಂದ್ರಲ್ಲ, ಅದ್ಕೆ ಹೇಳ್ತೀನಿ. ಹೆರಾಲ್ಡ್ ಟ್ಯಾನೆನ್‌ಬಾಮ್ ಅಂತ ವೈಲರ್ ತಂಡದಲ್ಲಿದ್ರು, ಮೂಲತಃ ಸೌಂಡ್ ರೆಕಾರ್ಡಿಸ್ಟ್, ಯುದ್ಧದಲ್ಲಿ ಕ್ಯಾಮೆರಾ ಹಿಡಿದ್ರು. 1943ರ ಏಪ್ರಿಲ್‌ನಲ್ಲಿ ಅವರಿದ್ದ ಬಾಂಬರನ್ನ ಫ್ರಾನ್ಸ್ ಮೇಲೆ ಹೊಡೆದುರುಳಿಸಿದ್ರು, ಅವ್ರು ಬದುಕಲಿಲ್ಲ. ಬಿ-17 ಒಳಗೆ ಹೇಗಿರ್ತಿತ್ತು ಗೊತ್ತಾ, ಗನ್ನರ್‌ಗಳು ನಿಲ್ಲೋ ಪಕ್ಕದ ಕಿಟಕಿ ಪೂರ್ತಿ ಓಪನ್ನು, ಮೈನಸ್ 40 ಡಿಗ್ರಿ ಚಳಿ, ಆಕ್ಸಿಜನ್ ಮಾಸ್ಕ್ ಇಲ್ದೆ ಉಸಿರಾಡೋಕಾಗಲ್ಲ, ಕ್ಯಾಮೆರಾನೇ ಹೆಪ್ಪುಗಟ್ಟಿ ನಿಂತೋಗೋದು, ಅಂಥದ್ರಲ್ಲಿ ವೈಲರ್ ತಾವೇ ಹೋಗಿ ಶೂಟ್ ಮಾಡ್ಕೊಂಡು ಬಂದ್ರು. 1945ರಲ್ಲಿ ಇಟಲಿಲಿ ಬಿ-25ನಲ್ಲಿ ಕೂತು ಇನ್ನೊಂದ್ ಚಿತ್ರಕ್ಕೆ ಶೂಟ್ ಮಾಡ್ತಾ ಒಂದು ಕಿವಿ ಕೇಳಿಸೋದನ್ನೇ ಕಳ್ಕೊಂಡ್ರು. ಅವ್ರು ಹುಟ್ಟಿದ, ಈಗ ಫ್ರಾನ್ಸ್‌ನಲ್ಲಿರೋ ಮುಲ್‌ಹೌಸ್ ಊರು ಅವ್ರು ಹುಟ್ಟಿದಾಗ ಜರ್ಮನಿಗೇ ಸೇರಿತ್ತು, ಯಹೂದಿ ಮನೆತನ. ಅದನ್ನ ನೆನೆಸ್ಕೊಂಡೇ ಈ ಚಿತ್ರ ನೋಡ್ಬೇಕು.

ರೀಲುಗಾಡಿ:
ಹೌದು. ಆ ಮೂಲ ಫಿಲ್ಮ್‌ಗಳನ್ನೇ ಕ್ಲೀನ್ ಮಾಡಿ 2018ರಲ್ಲಿ ದಿ ಕೋಲ್ಡ್ ಬ್ಲೂ ಅಂತ ಇನ್ನೊಂದು ಡಾಕ್ಯುಮೆಂಟರಿ ಬಂತು, ಸಿಕ್ರೆ ನೋಡಿ. ಬೆಲ್ ವಿಮಾನ ಈಗ ಒಹಾಯೋದ ಡೇಟನ್ ಮ್ಯೂಸಿಯಂನಲ್ಲಿದೆ.

ಹಳೆರೀಲು:
ಥ್ಯಾಂಕ್ಸ್ ಇಬ್ರಿಗೂ. ಈಗಷ್ಟೇ ಮತ್ತೆ ಹಾಕಿ ಸೌಂಡ್ ಪೂರ್ತಿ ಮ್ಯೂಟ್ ಮಾಡಿ ನೋಡ್ದೆ. ಕೆಳಗೆ ಮೆಕ್ಯಾನಿಕ್‌ಗಳು ಆಕಾಶ ನೋಡ್ತಾ ವಾಪಸ್ ಬರೋ ವಿಮಾನಕ್ಕೆ ಕಾಯೋದಿದೆಯಲ್ಲ, ಅಲ್ಲಿಗೆ ಬಂದಾಗ ಟ್ಯಾನೆನ್‌ಬಾಮ್ ನೆನಪಾದ್ರು.