ಪಕ್ಷ ಇಲ್ಲದೆ ಪುರಸಭೆ ಚುನಾವಣೆಗೆ ನಿಲ್ಲಬಹುದಾ? ಅನುಭವ ಇದ್ದವರು ಹೇಳಿ

ಎಲ್ಲರಿಗೂ ನಮಸ್ಕಾರ. ಕರ್ನಾಟಕದ ಒಂದು ಸಣ್ಣ ಪಟ್ಟಣ ನಮ್ಮದು. ನಮ್ಮ ಪುರಸಭೆಯ ಅವಧಿ ಮುಗಿದಿದೆ, ಇನ್ನೇನು ಚುನಾವಣೆ ಬರುತ್ತದೆ ಎನ್ನುತ್ತಿದ್ದಾರೆ. ಎರಡು ವರ್ಷದಿಂದ ನಮ್ಮ ಬೀದಿಯ ನೀರು, ಚರಂಡಿ ಅಂತ ನಾನೇ ಓಡಾಡುತ್ತಿದ್ದೇನೆ. ಈಗ ಅಕ್ಕಪಕ್ಕದವರು "ನೀವೇ ನಿಲ್ಲಿ, ನಾವಿದ್ದೇವೆ" ಎನ್ನುತ್ತಿದ್ದಾರೆ. ನನಗೆ ಯಾವ ಪಕ್ಷವೂ ಇಲ್ಲ, ಕೈಯಲ್ಲಿ ದುಡ್ಡೂ ಅಷ್ಟಿಲ್ಲ. ಮನೆಯವರು ಬೇಡ ಅಂದಿಲ್ಲ, ಆದರೂ ಭಯ ಇದೆ. ನಿಂತವರು, ಗೆದ್ದವರು, ಸೋತವರು ಯಾರಾದರೂ ಇದ್ದರೆ ದಯವಿಟ್ಟು ಹೇಳಿ. ಮೊದಲು ಏನು ಮಾಡಬೇಕು?

17 ಮತದಲ್ಲಿ ಸೋತವನು

ಮೇಡಂ, ಮೊದಲು ಮತದಾರರ ಪಟ್ಟಿ ತನ್ನಿ. ಬ್ಯಾನರ್, ಕರಪತ್ರ ಎಲ್ಲ ಆಮೇಲೆ.

ನಾನು ಪಕ್ಷೇತರನಾಗಿ ನಿಂತು 17 ಮತದಲ್ಲಿ ಸೋತೆ. ಎದುರಾಳಿ ದುಡ್ಡು ಹಂಚಿದ, ಅದಕ್ಕೇ ಸೋತೆ ಅಂತ ಎಲ್ಲರೂ ಸಮಾಧಾನ ಹೇಳಿದರು. ನಾನೂ ಹಾಗೇ ನಂಬಿದ್ದೆ. ಒಂದು ತಿಂಗಳಾದ ಮೇಲೆ ಪಟ್ಟಿ ಹಿಡಿದು ನಾನೂ ನನ್ನ ಹೆಂಡತಿಯೂ ಮನೆ ಮನೆಗೆ ಹೋದೆವು. ಅವಳ ಕೈಯಲ್ಲಿ ಪೆನ್ಸಿಲ್, ಇದ್ದವರಿಗೆ ಟಿಕ್, ಇಲ್ಲದವರಿಗೆ ಗೀಟು. ನಮ್ಮ ಹಿಂದಿನ ಓಣಿಯ ಬಲಗಡೆ ಸಾಲು ಪೂರ್ತಿ ಪಕ್ಕದ ವಾರ್ಡಿನ ಪಟ್ಟಿಯಲ್ಲಿತ್ತು. ಒಂಬತ್ತು ಮನೆ. ಮತದಾನದ ದಿನ ಅವರು ನಮ್ಮ ಬೂತಿಗೇ ಬಂದು, ಹೆಸರಿಲ್ಲ ಅನ್ನಿಸಿಕೊಂಡು, ವಾಪಸ್ ಹೋಗಿದ್ದರು. ಒಬ್ಬ ಅಜ್ಜಿ "ನಿನಗೇ ಹಾಕಬೇಕು ಅಂತ ಬಂದಿದ್ದೆ ಕಣಪ್ಪಾ" ಅಂದಾಗ ನನಗೆ ಮಾತೇ ಹೊರಡಲಿಲ್ಲ.

ಇದು ಹೇಗೆ ಆಗುತ್ತದೆ ಅಂದರೆ, ವಿಧಾನಸಭೆಯ ಮತದಾರರ ಪಟ್ಟಿಯನ್ನೇ ತೆಗೆದುಕೊಂಡು ವಾರ್ಡ್‌ವಾರು ಒಡೆಯುತ್ತಾರೆ. ವಾರ್ಡಿನ ಗಡಿ ಯಾವ ರಸ್ತೆಯ ಮಧ್ಯೆ ಹೋಗುತ್ತದೆ ಅಂತ ಕಾಗದದ ಮೇಲೆ ನೋಡಿ ಒಡೆದವರಿಗೆ ಗೊತ್ತಾಗುವುದಿಲ್ಲ. ಕರಡು ಪಟ್ಟಿ ಬಂದಾಗ ಆಕ್ಷೇಪಣೆಗೆ ಕೊಡುವ ದಿನಗಳು ಬಹಳ ಕಡಿಮೆ. ಅಷ್ಟರೊಳಗೆ ನೀವು ಎಲ್ಲ ಮನೆ ಮುಟ್ಟಿರಬೇಕು. ಹೊಸ ಹೆಸರು ಸೇರಿಸಲು ನಮೂನೆ 6, ತೀರಿಕೊಂಡವರ ಹೆಸರು ತೆಗೆಸಲು 7, ವಿಳಾಸ ಬದಲಾವಣೆಗೂ ತಿದ್ದುಪಡಿಗೂ 8. ಈ ಕೆಲಸವನ್ನು ಚುನಾವಣೆ ಘೋಷಣೆಗೆ ಕಾಯದೆ ಈಗಲೇ ಮಾಡಬಹುದು. ಮನೆ ಮನೆಗೆ ಹೋಗಲು ಇದಕ್ಕಿಂತ ಒಳ್ಳೆಯ ಕಾರಣವೂ ಸಿಗುವುದಿಲ್ಲ. ಮತ ಕೇಳಲು ಹೋದವರನ್ನು ಬಾಗಿಲಲ್ಲೇ ಮಾತಾಡಿಸಿ ಕಳಿಸುತ್ತಾರೆ. "ನಿಮ್ಮ ಮಗಳಿಗೆ 18 ತುಂಬಿತಲ್ಲ, ಹೆಸರು ಸೇರಿಸಿದ್ರಾ?" ಅಂತ ಹೋದವರನ್ನು ಒಳಗೆ ಕರೆದು ಕೂರಿಸುತ್ತಾರೆ.

ಒಂದು ಅವಧಿ ಸದಸ್ಯೆಯಾಗಿದ್ದವಳು

ತಂಗಿ, ನಿನ್ನ ಪ್ರಶ್ನೆ ಓದಿ ನನ್ನ 2018ನೇ ಇಸವಿ ನೆನಪಾಯಿತು. ನಿಲ್ಲು. ಆದರೆ ಒಂದೆರಡು ವಿಷಯ ಮೊದಲೇ ಗೊತ್ತಿರಲಿ.

ನಮ್ಮ ರಾಜ್ಯದಲ್ಲಿ ಅರ್ಧದಷ್ಟು ಸೀಟು ಮಹಿಳೆಯರಿಗೆ ಮೀಸಲು. ಒಳ್ಳೆಯದೇ. ಆದರೆ ಯಾವ ವಾರ್ಡು ಯಾರಿಗೆ ಎನ್ನುವುದು ಸರದಿಯಲ್ಲಿ ಬದಲಾಗುತ್ತದೆ. ನೀನು ಐದು ವರ್ಷ ದುಡಿದ ವಾರ್ಡು ಕೊನೆಗೆ ನಿನಗೆ ಬಾರದ ವರ್ಗಕ್ಕೆ ಹೋಗಬಹುದು. ಆಗ ಎದೆಗುಂದಬೇಡ. ಆ ಪಟ್ಟಣದ ಯಾವುದೇ ವಾರ್ಡಿನಲ್ಲಿ ಮತದಾರಳಾಗಿದ್ದರೆ ಇನ್ನೊಂದು ವಾರ್ಡಿನಲ್ಲೂ ನಿಲ್ಲಬಹುದು. ಅದಕ್ಕೇ ಪಕ್ಕದ ಎರಡು ವಾರ್ಡಿನ ಜನರ ಪರಿಚಯವೂ ಇಟ್ಟುಕೋ.

ಇನ್ನೊಂದು, ಗೆದ್ದ ಮರುದಿನವೇ ಅಧಿಕಾರ ಸಿಗುತ್ತದೆ ಅಂದುಕೊಳ್ಳಬೇಡ. 2018ರಲ್ಲಿ ಗೆದ್ದ ನಮ್ಮಂಥವರು ಎಷ್ಟೋ ಊರುಗಳಲ್ಲಿ ಎರಡು ವರ್ಷ ಸುಮ್ನೆ ಕೂತಿದ್ದೆವು. ಅಧ್ಯಕ್ಷ, ಉಪಾಧ್ಯಕ್ಷ ಸ್ಥಾನದ ಮೀಸಲಾತಿ ಪಟ್ಟಿ ಕೋರ್ಟಿಗೆ ಹೋಗಿತ್ತು. 2020ರ ಕೊನೆಯಲ್ಲಿ ಆ ಆಯ್ಕೆ ನಡೆಯಿತು. ಅಧ್ಯಕ್ಷರ 30 ತಿಂಗಳ ಮೊದಲ ಅವಧಿ ಮುಗಿದ ಮೇಲೆ ಎರಡನೇ ಅವಧಿಗೆ ಮತ್ತೆ 2024ರವರೆಗೆ ಕಾಯಬೇಕಾಯಿತು. ಅಷ್ಟೂ ದಿನ ಸರ್ಕಾರ ನೇಮಿಸಿದ ಆಡಳಿತಾಧಿಕಾರಿಯದ್ದೇ ಸಹಿ. ವಾರ್ಡಿನ ಜನರಿಗೆ ಇದೆಲ್ಲ ಅರ್ಥ ಆಗುವುದಿಲ್ಲ. "ಗೆದ್ದು ಏನು ಮಾಡಿದಿರಿ?" ಎಂದು ಕೇಳುತ್ತಾರೆ. ಕೇಳುವುದು ತಪ್ಪೂ ಅಲ್ಲ.

ಈಗ ಮುಖ್ಯ ಮಾತು. ಮೊದಲ ಸಾಮಾನ್ಯ ಸಭೆಗೆ ನಾನು ಹೋದಾಗ ಮೂವರು ಸದಸ್ಯೆಯರ ಕುರ್ಚಿಯ ಹಿಂದೆ ಅವರ ಗಂಡಂದಿರು ನಿಂತಿದ್ದರು. ನನ್ನ ಯಜಮಾನರನ್ನೂ ಒಬ್ಬರು "ಬನ್ನಿ ಸಾರ್, ಒಳಗೆ ಬನ್ನಿ" ಅಂತ ಕರೆದರು. ಅವರು ಬರಲಿಲ್ಲ, ಹೊರಗೆ ಸ್ಕೂಟರ್ ಮೇಲೆ ಕೂತಿದ್ದರು. ಅವತ್ತು ಅವರು ಒಳಗೆ ಬಂದಿದ್ದರೆ ಐದು ವರ್ಷ ನನ್ನನ್ನು ಯಾರೂ ಕೇಳುತ್ತಿರಲಿಲ್ಲ. ನೀನೂ ಮನೆಯಲ್ಲಿ ಈ ಮಾತು ಮೊದಲೇ ಆಡಿಕೋ. ಫೋನೂ ನಿನ್ನ ಕೈಯಲ್ಲೇ ಇರಲಿ.

ಸಭೆಯ ನೋಟಿಸು ಬಂದಾಗ ಕಾರ್ಯಸೂಚಿಯನ್ನು ಮನೆಯಲ್ಲೇ ಸಾಲು ಸಾಲಾಗಿ ಓದು. ಓದದೆ ಕೈ ಎತ್ತಬೇಡ. "ಮುಖ್ಯಾಧಿಕಾರಿಗಳ ಟಿಪ್ಪಣಿಯಂತೆ ಅನುಮೋದಿಸುವ ಬಗ್ಗೆ" ಅಂತ ಒಂದೇ ಸಾಲು ಇರುತ್ತದೆ, ಅದರ ಹಿಂದೆ ಲಕ್ಷಗಟ್ಟಲೆ ಬಿಲ್ಲು ಇರುತ್ತದೆ. ಆ ಟಿಪ್ಪಣಿಯ ಪ್ರತಿ ಕೇಳು. ನಿನ್ನ ವಾರ್ಡಿನ ಕೆಲಸ ಕ್ರಿಯಾ ಯೋಜನೆಯಲ್ಲಿ, ಅಂದರೆ ಆ ವರ್ಷ ಮಾಡುವ ಕೆಲಸಗಳ ಪಟ್ಟಿಯಲ್ಲಿ, ಸೇರದಿದ್ದರೆ ಆ ವರ್ಷ ಏನೂ ಆಗುವುದಿಲ್ಲ, ಎಷ್ಟು ಜಗಳ ಆಡಿದರೂ ಅಷ್ಟೇ. ಸಭೆ ಆದ ಮೇಲೆ ನಡಾವಳಿಯಲ್ಲಿ ನೀನು ಹೇಳಿದ್ದು ದಾಖಲಾಗಿದೆಯಾ ಅಂತ ನೋಡು. ನನ್ನ ಆಕ್ಷೇಪ ಎರಡು ಸಲ ಬಿಟ್ಟುಹೋಗಿತ್ತು. ಮೂರನೇ ಸಲದಿಂದ ಬರೆದುಕೊಂಡು ಹೋಗಿ, ಸಭೆಯಲ್ಲೇ ಕೊಟ್ಟು, ಸ್ವೀಕೃತಿ ಹಾಕಿಸಿಕೊಳ್ಳುತ್ತಿದ್ದೆ.

ಪುರಸಭೆಯ ಕಚೇರಿಯಲ್ಲಿ ಕೆಲಸ ಮಾಡಿ ನಿವೃತ್ತನಾದವನು

ಅಮ್ಮಾ, ಕಾಗದಪತ್ರದ ಬಗ್ಗೆ ಸ್ವಲ್ಪ. ಮನೆ ಕಂದಾಯ, ನೀರಿನ ಬಾಕಿ ಒಂದು ರೂಪಾಯಿ ಉಳಿಸಿಕೊಳ್ಳಬೇಡಿ. ಬಾಕಿ ಇಲ್ಲ ಎನ್ನುವ ಪತ್ರವನ್ನು ಈಗಲೇ ವಿಚಾರಿಸಿ. ಮನೆ ಮಾವನವರ ಹೆಸರಲ್ಲಿದ್ದರೆ ಆ ಖಾತೆಯದ್ದೂ ಕಟ್ಟಿಬಿಡಿ, ನಾಮಪತ್ರ ಪರಿಶೀಲನೆ ದಿನ ತಕರಾರು ಬೇಡ. ಪುರಸಭೆಯ ಗುತ್ತಿಗೆಯಲ್ಲಿ ನಿಮಗೆ ಪಾಲು ಇದ್ದರೆ ನಿಲ್ಲುವ ಹಾಗಿಲ್ಲ. ವಯಸ್ಸು 21 ತುಂಬಿರಬೇಕು. ಆಸ್ತಿ, ಸಾಲ, ಕೇಸು ಎಲ್ಲ ಪ್ರಮಾಣಪತ್ರದಲ್ಲಿ ಬರೆಯಬೇಕು, ಒಂದು ಕಾಲಂ ಕೂಡ ಖಾಲಿ ಬಿಡಬೇಡಿ.

ಖರ್ಚಿನ ಲೆಕ್ಕ ಸೋತವರೂ ಕೊಡಬೇಕು. ಇದನ್ನು ತುಂಬಾ ಜನ ಮರೆತು ಮುಂದಿನ ಸಲಕ್ಕೆ ಅನರ್ಹರಾಗುತ್ತಾರೆ. ಟೀ ಖರ್ಚಿನ ಚೀಟಿಯನ್ನೂ ಒಂದು ನೋಟ್‌ಬುಕ್ಕಿಗೆ ಅಂಟಿಸಿಡಿ.

ಪಕ್ಷದ ಟಿಕೆಟ್ ಮೇಲೆ ಗೆದ್ದವನು

ಇಲ್ಲಿ ಎಲ್ಲರೂ ಪಕ್ಷೇತರರಾಗಿ ನಿಲ್ಲಿ ಎನ್ನುತ್ತಿದ್ದಾರೆ. ನಾನು ಒಪ್ಪುವುದಿಲ್ಲ ಅಕ್ಕ. ನಾಮಪತ್ರ ವಾಪಸ್ ಪಡೆಯುವ ದಿನ ಮುಗಿದ ಮೇಲೆ ಪಕ್ಷೇತರರಿಗೆ ಚಿಹ್ನೆ ಸಿಗುತ್ತದೆ. ಆಮೇಲೆ ಉಳಿಯುವುದು ಬೆರಳೆಣಿಕೆಯ ದಿನ. ವಯಸ್ಸಾದವರಿಗೆ ಆ ಚಿಹ್ನೆ ಮನಸ್ಸಲ್ಲಿ ಕೂರಿಸುವುದು ಸುಲಭ ಅಲ್ಲ. ಗೆದ್ದ ಮೇಲೂ ಅಧ್ಯಕ್ಷರ ಆಯ್ಕೆಯಲ್ಲಿ ಶಾಸಕರಿಗೂ ಸಂಸದರಿಗೂ ಮತ ಇದೆ. ಅನುದಾನಕ್ಕೆ ಕೊನೆಗೆ ಅವರ ಬಳಿಯೇ ಹೋಗಬೇಕು.

ಆದರೆ ನಿಜ ಹೇಳುತ್ತೇನೆ, ಪಕ್ಷದಲ್ಲಿದ್ದು ನನಗೆ ಒಂದು ನೋವು ಉಳಿದಿದೆ. ನಮ್ಮ ವಾರ್ಡಿನ ಕೆರೆ ಅಂಗಳದ ವಿಷಯ ಸಭೆಗೆ ಬಂದಾಗ ಹೀಗೇ ಮತ ಹಾಕಬೇಕು ಅಂತ ಪಕ್ಷದ ಆದೇಶ, ವಿಪ್, ಇತ್ತು. ಮೀರಿದರೆ ಸದಸ್ಯತ್ವ ಹೋಗುತ್ತಿತ್ತು. ಮನಸ್ಸಿಲ್ಲದೆ ಕೈ ಎತ್ತಿದೆ. ಪಕ್ಷೇತರರಿಗೆ ಆ ಕಟ್ಟು ಇರುವುದಿಲ್ಲ. ಯಾರಿಗೂ ಬಹುಮತ ಬರದಿದ್ದರೆ ನಿಮ್ಮ ಒಂದು ಮತಕ್ಕೆ ರಾತ್ರಿ ಹನ್ನೊಂದಕ್ಕೆ ಮನೆ ಬಾಗಿಲು ತಟ್ಟುತ್ತಾರೆ. ಆಗ ಏನು ಹೇಳುತ್ತೀರಿ ಎನ್ನುವುದನ್ನು ಗೆಲ್ಲುವ ಮೊದಲೇ ಬೀದಿಯವರ ಜೊತೆ ಕೂತು ತೀರ್ಮಾನ ಮಾಡಿಕೊಳ್ಳಿ.

ಬೆಂಗಳೂರಿನಿಂದ

ಚುನಾವಣೆ ಬರುತ್ತದೆ ಅಂತ ಕಾಯುತ್ತಾ ಕೂರಬೇಡಿ ಅಂತ ಹೇಳಲು ಬರೆಯುತ್ತಿದ್ದೇನೆ. ಐದು ವರ್ಷದ ಅವಧಿ ಮುಗಿಯುವ ಮೊದಲೇ ಚುನಾವಣೆ ಆಗಬೇಕು ಅಂತ ಸಂವಿಧಾನದಲ್ಲೇ ಇದೆ, 74ನೇ ತಿದ್ದುಪಡಿಯಿಂದ ಬಂದದ್ದು. 2006ರಲ್ಲಿ ಸುಪ್ರೀಂ ಕೋರ್ಟ್ ಕೂಡ ಅಹಮದಾಬಾದ್ ಪಾಲಿಕೆಯ ಪ್ರಕರಣದಲ್ಲಿ ಅದನ್ನೇ ಹೇಳಿತು. ಆದರೂ ನಮ್ಮಲ್ಲಿ ಏನಾಯಿತು ನೋಡಿ. ಬಿಬಿಎಂಪಿಗೆ ಕೊನೆಯ ಚುನಾವಣೆ ನಡೆದದ್ದು 2015ರ ಆಗಸ್ಟ್‌ನಲ್ಲಿ. 2020ರ ಸೆಪ್ಟೆಂಬರ್‌ಗೆ ಅವಧಿ ಮುಗಿಯಿತು. ಆಮೇಲೆ 198 ವಾರ್ಡು 243 ಆಯಿತು, 243 ಇಳಿದು 225 ಆಯಿತು, 2025ರಲ್ಲಿ ಪಾಲಿಕೆಯೇ ಐದಾಯಿತು. ಪ್ರತಿ ಸಲ ಗಡಿ ಬದಲಾದಾಗ ಮೀಸಲಾತಿ, ಆಕ್ಷೇಪಣೆ, ಕೋರ್ಟು.

ನಿಲ್ಲಬೇಕು ಅಂತ ತಯಾರಾಗಿದ್ದ ನನ್ನ ಗೆಳತಿ ಈ ಕಾಯುವಿಕೆಯಲ್ಲೇ ಸುಸ್ತಾಗಿ ಬಿಟ್ಟುಬಿಟ್ಟಳು. ನನಗೆ ಇವತ್ತಿಗೂ ಅದರ ಬೇಸರ ಇದೆ. ಅವಳಷ್ಟು ಚೆನ್ನಾಗಿ ನಮ್ಮ ರಸ್ತೆಯ ಮಳೆನೀರಿನ ಕಾಲುವೆ ಗೊತ್ತಿದ್ದವರು ಬೇರೆ ಯಾರೂ ಇರಲಿಲ್ಲ. ನೀವು ಹಾಗೆ ಬಿಡಬೇಡಿ. ಸದಸ್ಯರು ಇಲ್ಲದ ಕಾಲದಲ್ಲೂ ಮುಖ್ಯಾಧಿಕಾರಿ ಇರುತ್ತಾರೆ, ಅರ್ಜಿ ಕೊಡಬಹುದು, ಮಾಹಿತಿ ಹಕ್ಕಿನಲ್ಲಿ ಕಡತ ಕೇಳಬಹುದು. ಅರ್ಜಿಯ ಪ್ರತಿಗಳನ್ನು ತಾರೀಖಿನ ಪ್ರಕಾರ ಒಂದು ಫೈಲಿನಲ್ಲಿ ಇಡಿ. ನಾಳೆ ಮತ ಕೇಳಲು ಹೋದಾಗ ತೋರಿಸಲು ಅದೇ ಸಾಕು.

ಪ್ರಶ್ನೆ ಕೇಳಿದವಳು

ಎಲ್ಲರಿಗೂ ತುಂಬಾ ಧನ್ಯವಾದ. ಅಕ್ಕ, ನೀವು ಹೇಳಿದ ಸ್ಕೂಟರ್ ವಿಷಯ ಮನೆಯಲ್ಲಿ ಓದಿ ಹೇಳಿದೆ. ನಮ್ಮವರು "ನಾನೂ ಹೊರಗೇ ಇರುತ್ತೇನೆ" ಅಂದರು.

ನಿನ್ನೆ ಹೋದ ಸಲದ ವಾರ್ಡ್ ಪಟ್ಟಿ ತಂದು ಬೀದಿಯ ಮೂರು ಜನ ಹೆಂಗಸರು ಕೂತು ನೋಡಿದೆವು. ಮೂಲೆಮನೆಯ ಅಣ್ಣ ತಮ್ಮ ಇಬ್ಬರದ್ದು ಬೇರೆ ಬೇರೆ ವಾರ್ಡು, ಒಂದೇ ಗೋಡೆ. ನಮ್ಮ ಅತ್ತೆಯ ಹೆಸರು ಎರಡು ಕಡೆ ಇದೆ. ತೀರಿಹೋದ ಟೈಲರ್ ಅಜ್ಜನ ಹೆಸರು ಇನ್ನೂ ಇದೆ, ಕಾಲೇಜಿಗೆ ಹೋಗುವ ಮೊಮ್ಮಗಳದ್ದು ಇಲ್ಲ. ಇನ್ನೂ ಅರ್ಧ ಬೀದಿ ಬಾಕಿ. ಭಾನುವಾರ ಬೆಳಿಗ್ಗೆ ಎಲ್ಲರೂ ಮನೆಯಲ್ಲಿ ಇರುತ್ತಾರೆ, ಅವತ್ತು ನಮೂನೆಗಳನ್ನು ಹಿಡಿದುಕೊಂಡೇ ಹೊರಡುತ್ತೇವೆ.